ಗಡಿಯಾರ ತೊಳೆದವರು

ಕಾರ್ಟೂನು ಚಿತ್ರವೆಂದರೆ ಮಕ್ಕಳ ತಿಂಡಿಯೆಂದು ತಿಳಿದಿರುವ ದೊಡ್ಡವರೊಡನೆ ನನ್ನದೊಂದು ಸಣ್ಣ ತಕರಾರಿದೆ. ಡಿಸ್ನಿ ಚಿತ್ರಶಾಲೆಯ 'ಕ್ಲಾಕ್ ಕ್ಲೀನರ್ಸ್' (1937) ಚಿತ್ರವನ್ನೇ ನೋಡಿ. ಮಿಕ್ಕಿ, ಡೊನಾಲ್ಡ್, ಗೂಫಿ ಮೂವರೂ ಕೂಲಿಯವರು. ಮುಗಿಲೆತ್ತರದ ಗೋಪುರದ ಗಡಿಯಾರವನ್ನು ತೊಳೆಯುವುದು ಅವರ ಕೆಲಸ. ಮಿಕ್ಕಿಗೆ, ಒಳಗೆ ಮಲಗಿದ ಕೊಕ್ಕರೆಯ ಕಾಟ. ಗೂಫಿಗೆ, ಗಂಟೆ ಬಾರಿಸುವ ಯಂತ್ರದ ಬೊಂಬೆಯ ಪೆಟ್ಟು. ತಲೆತಿರುಗಿದ ಅವನು ಗೋಪುರದ ಅಂಚಿನಲ್ಲಿ ನರ್ತಕಿಯಂತೆ ತೇಲಿ ನಡೆಯುತ್ತಾನೆ. ಡೊನಾಲ್ಡನ ಪ್ರಸಂಗವಂತೂ ಎಲ್ಲಕ್ಕಿಂತ ಸೊಗಸು. ಬಿಚ್ಚಿಕೊಂಡ ಸ್ಪ್ರಿಂಗಿನೊಡನೆ ಅವನು ಜಗಳಕ್ಕೇ ನಿಲ್ಲುತ್ತಾನೆ. ಸ್ಪ್ರಿಂಗೂ ಎದುರುತ್ತರ ಕೊಡುತ್ತದೆ! ಹಟಮಾರಿ ಯಂತ್ರವನ್ನು ಬೈಯುತ್ತ ದುಡಿದವರಿಗೆಲ್ಲ ಈ ಜಗಳ ಗೊತ್ತು.

ಕೊನೆಗೆ ಮೂವರೂ ಹಲ್ಲುಚಕ್ರದ ಮೇಲೆ ಬೀಳುತ್ತಾರೆ. ಅದರಿಂದ ಇಳಿದ ಮೇಲೂ ಅವರ ಮೈ ಚಕ್ರದ ಲಯದಲ್ಲೇ ಜಗ್ಗುತ್ತಿರುತ್ತದೆ. 1936ರ 'ಮಾಡರ್ನ್ ಟೈಮ್ಸ್'ನಲ್ಲಿ ತಿರುಪು ಬಿಗಿದು ಬಿಗಿದು ಕೈ ನಿಲ್ಲದಾದ ಚಾಪ್ಲಿನ್ ನೆನಪಾಗದಿರನು. ಆದರೆ ಚಾಪ್ಲಿನ್ನನ ಚಿತ್ರದಲ್ಲಿ ಯಜಮಾನನಿದ್ದ. ಇಲ್ಲಿ ಯಜಮಾನನೂ ಇಲ್ಲ, ಕೂಲಿಯ ಮಾತೂ ಇಲ್ಲ. ಬೈಗಳೆಲ್ಲ ಸ್ಪ್ರಿಂಗಿನ ಪಾಲಿಗೆ. ಇದು ಚಿತ್ರದ ಜಾಣತನವೂ ಹೌದು, ಕೊರತೆಯೂ ಹೌದು.

ಏಕೆಂದರೆ ಈ ನಗೆಯನ್ನು ಬರೆದ ಕೈಗಳೂ ಕೂಲಿಯ ಕೈಗಳೇ. ತೆರೆಯ ಮೇಲೆ ಸೆಕೆಂಡಿಗೆ 24 ಚೌಕಟ್ಟುಗಳು ಓಡಬೇಕು. ಮುಖ್ಯ ಭಂಗಿಗಳನ್ನು ಬರೆಯುವವರು ಒಬ್ಬರು, ನಡುವಣ ಚಿತ್ರಗಳನ್ನು ತುಂಬುವವರು ಇನ್ನೊಬ್ಬರು, ಸೆಲ್ಯುಲಾಯ್ಡ್ ಹಾಳೆಗೆ ಬಣ್ಣ ಹಾಕುವವರು ಮತ್ತೊಬ್ಬರು. 1937ರಲ್ಲೇ ನ್ಯೂಯಾರ್ಕಿನ ಫ್ಲೈಷರ್ ಚಿತ್ರಶಾಲೆಯ ಕೆಲಸಗಾರರು ತಿಂಗಳುಗಟ್ಟಲೆ ಮುಷ್ಕರ ಹೂಡಿದ್ದರು. 1941ರಲ್ಲಿ ಡಿಸ್ನಿಯವರ ಕಲಾವಿದರೂ ಬಾಗಿಲ ಹೊರಗೆ ಸಾಲುಗಟ್ಟಿ ನಿಂತರು. ಅವರ ಕೈಯ ಫಲಕಗಳ ಮೇಲಿದ್ದುದು ಪ್ಲೂಟೊ ನಾಯಿಯ ಚಿತ್ರ.