ಶೆಗಣಿ, ಸೂಜಿ, ಡಾಂಬರು: ಶೀಲಾ ಗೌಡರ ಕಲೆ

ಇಂಡಿ, ಸಿಂದಗಿ ಕಡೆಯ ಹಳ್ಳಿಗಳಲ್ಲಿ ಕುಳ್ಳು ಬಡಿಯುವ ಹೆಣ್ಣುಮಕ್ಕಳ ಕೈ ನೋಡಬೇಕು. ಶೆಗಣಿಗೆ ಹೊಟ್ಟು ಬೆರೆಸಿ, ನೀರು ಚಿಮುಕಿಸಿ, ನಾದುತ್ತಾ ನಾದುತ್ತಾ ‘ಈಗ ಹದಾ ಬಂತ ನೋಡ್’ ಅನ್ನುತ್ತಾರೆ. ಆ ಹದ ಗೊತ್ತಾಗುವುದು ಅಂಗೈಗೆ. ಶೀಲಾ ಗೌಡರ ಕೃತಿಗಳನ್ನು ನೋಡುವುದಕ್ಕೆ ಬೇಕಾದ ಮೊದಲ ತಿಳಿವಳಿಕೆ ಇದೇ ಎಂದು ನನಗೆ ಬಲವಾಗಿ ಅನ್ನಿಸುತ್ತದೆ. ವೆನಿಸ್, ಮಿಲಾನ್, ಮ್ಯೂನಿಕ್‌ನಂಥ ಊರುಗಳಲ್ಲಿ ಜನ ನಿಂತು ನೋಡಿದ ಈ ಕಲೆಯ ಸಾಮಾನೆಲ್ಲ ನಮ್ಮ ಹಿತ್ತಿಲಿನದು, ನಮ್ಮ ರಸ್ತೆಯದು.

1957ರಲ್ಲಿ ಭದ್ರಾವತಿಯಲ್ಲಿ ಹುಟ್ಟಿದ ಶೀಲಾ ಚಿತ್ರ ಬರೆಯಲು ಕಲಿತದ್ದು ಬೆಂಗಳೂರಿನ ಕೆನ್ ಕಲಾಶಾಲೆಯಲ್ಲಿ. ಆ ಶಾಲೆ ಕಟ್ಟಿದ ಆರ್.ಎಂ. ಹಡಪದ ಅವರು ಬಾದಾಮಿಯವರು. 1997ರಲ್ಲಿ ಬಾಗಲಕೋಟೆ ಬೇರೆ ಜಿಲ್ಲೆಯಾಗುವವರೆಗೂ ಬಾದಾಮಿ, ಬಸವನ ಬಾಗೇವಾಡಿ, ಮುದ್ದೇಬಿಹಾಳ ಎಲ್ಲವೂ ಒಂದೇ ವಿಜಾಪುರ (ಈಗಿನ ವಿಜಯಪುರ) ಜಿಲ್ಲೆ. ಗುರುವಿನ ಕಡೆಯಿಂದ ಈ ಕಲಾವಿದೆ ವಿಜಯಪುರದ ನಮಗೂ ಬಳಗವಾಗಬೇಕು. ಹಾಗೆ ಹೇಳಿಕೊಳ್ಳಲು ನನಗೆ ಸಂತೋಷ. ಮುಂದೆ ಬರೋಡಾ, ಶಾಂತಿನಿಕೇತನ, ಆಮೇಲೆ ಲಂಡನ್ನಿನ ರಾಯಲ್ ಕಾಲೇಜ್ ಆಫ್ ಆರ್ಟ್. 1986ರಲ್ಲಿ ಅಲ್ಲಿಯ ಓದು ಮುಗಿಯಿತು. ಆಗೆಲ್ಲ ಅವರ ಕೈಯಲ್ಲಿದ್ದದ್ದು ಕುಂಚ, ಬಣ್ಣ.

ತೊಂಬತ್ತರ ದಶಕದ ಮೊದಲಲ್ಲಿ ದೇಶ ಕದಡಿತು. ಅಯೋಧ್ಯೆಯಲ್ಲಿ ಮಸೀದಿ ಉರುಳಿತು, ಮುಂಬಯಿ ಹೊತ್ತಿ ಉರಿಯಿತು. ಆ ಹೊತ್ತಿನಲ್ಲಿ ಶೀಲಾ ಶೆಗಣಿಗೆ ಕೈಯಿಟ್ಟರು. ಪವಿತ್ರವೆಂದು ಪೂಜೆಗೆ ಒಯ್ಯುವುದೂ ಅದನ್ನೇ, ಬುಟ್ಟಿಯಲ್ಲಿ ಹೊತ್ತು ಬಡವರ ಮನೆಯ ಹೆಣ್ಣುಮಗಳ ಕುತ್ತಿಗೆ ನೋಯುವುದೂ ಅದರಿಂದಲೇ. ಆ ಎರಡನ್ನೂ ಒಟ್ಟಿಗೆ ಹಿಡಿದಿಡುವ ಇನ್ನೊಂದು ವಸ್ತು ನನಗಂತೂ ತೋಚುವುದಿಲ್ಲ.

ಅವರ ಕೃತಿಗಳಲ್ಲಿ ನನಗೆ ಬಹಳ ಹಿಡಿಸಿದ್ದು ‘ಆ್ಯಂಡ್ ಟೆಲ್ ಹಿಮ್ ಆಫ್ ಮೈ ಪೇನ್’. ತೊಂಬತ್ತರ ದಶಕದ ಕೊನೆಗೆ ಶುರುವಾದ ಈ ಕೃತಿಗೆ ಬೇಕಾದದ್ದು ದಾರ, ಸೂಜಿ, ಅಂಟು, ಕುಂಕುಮ ಇಷ್ಟೇ. ಸೂಜಿಯ ಕಣ್ಣಿಗೆ ದಾರ ಪೋಣಿಸಿ, ಮಾರುಗಟ್ಟಲೆ ಎಳೆಯುತ್ತಾ ಎಳೆಯುತ್ತಾ ಅದರ ನಟ್ಟನಡುವೆ ಸೂಜಿಯನ್ನು ನಿಲ್ಲಿಸಬೇಕು. ಹೀಗೆ ಸೂಜಿ ಮೇಲೆ ಸೂಜಿ. ಆ ಎಳೆಗಳನ್ನೆಲ್ಲ ಕೂಡಿಸಿ, ಕುಂಕುಮ ಕಲಸಿದ ಅಂಟು ಬಳಿದರೆ ಹೆಬ್ಬೆರಳ ಗಾತ್ರದ ಕೆಂಪು ಹಗ್ಗ. ಅದು ಗೋಡೆ ಹತ್ತುತ್ತದೆ, ಜೋತು ಬೀಳುತ್ತದೆ, ನೆಲದಲ್ಲಿ ಸುರುಳಿ ಸುತ್ತುತ್ತದೆ. ದೂರದಿಂದ ಕರುಳಿನಂತೆ ಕಾಣುವ ಹಗ್ಗದ ತುದಿಗೆ ಬಂದರೆ ಸೂಜಿಗಳೆಲ್ಲ ಗೊಂಚಲಾಗಿ ಮಿನುಗುತ್ತಿರುತ್ತವೆ. ಮುಟ್ಟಬೇಕೆಂದು ಹೋದ ಕೈ ಅಲ್ಲಿಗೇ ನಿಲ್ಲುತ್ತದೆ. ಮುದ್ದೇಬಿಹಾಳದ ಕಡೆ ಅಜ್ಜಿಯಂದಿರು ಹಳೇ ಸೀರೆ ಮಡಚಿ ಹೊಲಿಯುವ ಕೌದಿಯ ಹಾಗೆ ಇಲ್ಲಿಯೂ ದಿನಗಟ್ಟಲೆಯ ದುಡಿಮೆ ಒಂದೊಂದು ಎಳೆಯಲ್ಲೂ ಕೂತಿದೆ. ಕೃತಿಯ ಹೆಸರಿನಲ್ಲಿರುವ ನೋವು ಯಾರದೆಂದು ಬಿಡಿಸಿ ಹೇಳದಿರುವುದೇ ಅದರ ಘನತೆ.

2009ರ ವೆನಿಸ್ ಬಿನಾಲೆಯಲ್ಲಿ ಕಂಡ ‘ಬಿಹೋಲ್ಡ್’ ಕೂದಲಿನದು. ಹರಕೆಯ ಮುಡಿ ಕೊಟ್ಟು ಬಂದಮೇಲೆ ಆ ಕೂದಲು ಎಲ್ಲಿಗೆ ಹೋಯಿತೆಂದು ನಾವು ಕೇಳುವುದಿಲ್ಲ. ಉದ್ದನೆಯದು ಮಾರಾಟಕ್ಕೆ ಹೋದರೆ, ತುಂಡು ಕೂದಲು ಹೊಸೆದು ಹಗ್ಗವಾಗಿ, ದೃಷ್ಟಿ ತಾಗದಿರಲೆಂದು ಗಾಡಿಯ ಬಂಪರಿಗೆ ಬರುತ್ತದೆ. ಶೀಲಾ ಅಂಥ ಹಗ್ಗ ಸುಮಾರು 4 ಕಿಲೋಮೀಟರ್ ತಂದರು. ಅದರಲ್ಲಿ ಇಪ್ಪತ್ತರಷ್ಟು ಉಕ್ಕಿನ ಬಂಪರುಗಳನ್ನು ತೂಗುಹಾಕಿದರು. ಭಾರ ಹೊರುವುದು ಕೂದಲು, ನೇತಾಡುವುದು ಉಕ್ಕು! ಗಾಡಿಯನ್ನು ಕಾಯಲು ಕಟ್ಟಿದ್ದು ಇಲ್ಲಿ ನಿಜಕ್ಕೂ ಅದನ್ನು ಎತ್ತಿ ಹಿಡಿದಿದೆ.

ಗಾತ್ರದಿಂದಲೇ ಬೆರಗು ಹುಟ್ಟಿಸುವ ಕಲೆಯೂ ಉಂಟು. ಬಲ್ಗೇರಿಯಾದಲ್ಲಿ ಹುಟ್ಟಿದ ಕಲಾವಿದ ಕ್ರಿಸ್ಟೊ ತನ್ನ ಹೆಂಡತಿ ಜಾನ್‌-ಕ್ಲೋಡ್ ಜೊತೆ ಸೇರಿ 1995ರಲ್ಲಿ ಬರ್ಲಿನ್ನಿನ ರೈಶ್‌ಟಾಗ್ ಕಟ್ಟಡವನ್ನೇ ಲಕ್ಷ ಚದರ ಮೀಟರ್ ಬಟ್ಟೆಯಲ್ಲಿ ಸುತ್ತಿದ್ದರು. ನಮ್ಮ ಗೋಳಗುಮ್ಮಟಕ್ಕೆ ಹಾಗೆ ಬಟ್ಟೆ ಸುತ್ತಿದರೆ ಹೇಗಿದ್ದೀತು ಎಂದು ಊಹಿಸಿದರೂ ಮೈ ಜುಮ್ಮೆನ್ನುತ್ತದೆ. ಆದರೂ ನನ್ನ ಮನಸ್ಸು ವಾಲುವುದು ಸೂಜಿಯ ಕಣ್ಣಿಗೆ ದಾರ ಪೋಣಿಸುತ್ತಾ ಕೂತವರ ಕಡೆಗೇ.

2006ರ ‘ಡಾರ್ಕ್‌ರೂಮ್’ ಬಗ್ಗೆ ಹೇಳದೆ ಹೇಗೆ ಮುಗಿಸಲಿ? ಅದು ಡಾಂಬರಿನ ಪೀಪಾಯಿಗಳ ಮನೆ. ಇಡೀ ಪೀಪಾಯಿಗಳನ್ನು ಒಂದರ ಮೇಲೊಂದು ನಿಲ್ಲಿಸಿದರೆ ಅವೇ ಕಂಬ. ಸೀಳಿ, ಬಡಿದು, ಚಪ್ಪಟೆ ಮಾಡಿದ ತಗಡೇ ಗೋಡೆ. ಹೊರಗಿನಿಂದ ಸಣ್ಣದೊಂದು ಕೋಟೆಯ ಠೀವಿ ಅದಕ್ಕೆ. ಒಳಗೆ ಹೋಗಬೇಕೆಂದರೆ ಮಾತ್ರ ಎಂಥವರೂ ಮೈ ಬಗ್ಗಿಸಲೇಬೇಕು. ಒಳಗೆ ಕತ್ತಲೆ. ತಲೆಯೆತ್ತಿದರೆ ತಗಡಿನ ಸೂರಿನಲ್ಲಿ ಕೊರೆದ ಸಣ್ಣ ಸಣ್ಣ ತೂತುಗಳಿಂದ ಬೆಳಕು ಇಳಿದು, ಚುಕ್ಕಿ ತುಂಬಿದ ಆಕಾಶ.

ರಸ್ತೆ ಕೆಲಸದವರು ಪೀಪಾಯಿ ತಗಡಿನಲ್ಲೇ ಗುಡಿಸಲು ಎಬ್ಬಿಸಿಕೊಂಡು ದಿನ ನೂಕುವುದನ್ನು ನೋಡಿಯೇ ಶೀಲಾ ಇದನ್ನು ಕಟ್ಟಿದ್ದು. ಮಳೆ ಕೈಕೊಟ್ಟ ವರ್ಷ ನಮ್ಮ ಜಿಲ್ಲೆಯ ಹಳ್ಳಿಗಳಿಂದ, ತಾಂಡಾಗಳಿಂದ ಜನ ಗೋವಾಕ್ಕೆ, ಪುಣೆಗೆ ಗುಳೆ ಹೋಗುತ್ತಾರೆ. ಅಲ್ಲಿ ಮನೆ ಕಟ್ಟುತ್ತಾರೆ, ರಸ್ತೆಗೆ ಡಾಂಬರು ಹಾಕುತ್ತಾರೆ. 2019ರಲ್ಲಿ ಶೀಲಾ ಅವರಿಗೆ ಮಾರಿಯಾ ಲಾಸ್ನಿಗ್ ಪ್ರಶಸ್ತಿ ಬಂತು, ಮರುವರ್ಷ ಮ್ಯೂನಿಕ್‌ನಲ್ಲಿ ದೊಡ್ಡ ಪ್ರದರ್ಶನವೂ ಆಯಿತು. ಈ ಪೀಪಾಯಿ ಮನೆ ಒಮ್ಮೆ ವಿಜಯಪುರಕ್ಕೂ ಬರಲಿ ಎಂಬುದು ನನ್ನ ಆಸೆ. ಗುಳೆ ಹೋಗಿ ಬಂದ ತಾಯಿಯೊಬ್ಬಳು ಅದರೊಳಗೆ ಬಗ್ಗಿ ಹೋಗಿ, ಸೂರು ನೋಡಿ ಏನಂದಾಳು ಎಂಬುದನ್ನು ಯಾವ ವಿಮರ್ಶಕರ ಮಾತಿಗಿಂತಲೂ ಮೊದಲು ನಾನು ಕೇಳಬೇಕು.