ಮೊದಲು ನಕಲು, ಆಮೇಲೆ ರಿಪೇರಿ

ಕರೆಂಟು ಹೋಗಿ ಬಂದ ಮೇಲೆ ಕಂಪ್ಯೂಟರು ಪೂರ್ತಿ ಶುರುವಾಗದೆ, ಡಿಸ್ಕ್ ಪರೀಕ್ಷೆ ನಡೆಯುತ್ತಿದೆ ಎಂಬ ಸಾಲಿನಲ್ಲೇ ನಿಂತುಬಿಡುತ್ತದೆ. ಮನೆಯವರು ಕಾಯುತ್ತಾರೆ. ಕಾದು ಸಾಕಾದಾಗ ಗೊತ್ತಿದ್ದ ಹುಡುಗನೊಬ್ಬ ಬಂದು ವಿಂಡೋಸ್‌ನ ಡಿಸ್ಕ್ ಪರೀಕ್ಷಕ ಚೆಕ್‌ಡಿಸ್ಕ್‌ಗೆ ‘ಸ್ಲ್ಯಾಶ್ ಆರ್’ ಸೇರಿಸಿ ಓಡಿಸುತ್ತಾನೆ. ಡಿಸ್ಕಿನ ಒಂದೊಂದು ಸೆಕ್ಟರನ್ನೂ ಬಿಡದೆ ಓದಿಸುವ ಆದೇಶ ಅದು. ಡಿಸ್ಕ್ ಗಟ್ಟಿಯಿದ್ದರೆ ಒಂದಷ್ಟು ಗಂಟೆ ಹೋದಾವು, ಅಷ್ಟೆ. ಸಾಯಲು ಬಿದ್ದ ಡಿಸ್ಕಿಗೆ ಅದೇ ಕೊನೆಯ ಓಟವಾಗಬಹುದು.

ಇಲ್ಲಿ ಕಾಯಿಲೆ ಎರಡು ಬಗೆಯವು. ಯಾವ ಫೈಲು ಡಿಸ್ಕಿನ ಯಾವ ಜಾಗದಲ್ಲಿದೆ ಎಂದು ಬರೆದಿಟ್ಟ ದಾಖಲೆಯೇ ಫೈಲ್ ಸಿಸ್ಟಂ. ಪಹಣಿಯಲ್ಲಿ ಸರ್ವೆ ನಂಬರು ತಪ್ಪಾದರೆ ಹೊಲ ಎಲ್ಲಿಗೂ ಹೋಗುವುದಿಲ್ಲ. ಹೊಲವನ್ನೇ ಹೊಳೆ ಕೊಚ್ಚಿಕೊಂಡು ಹೋದರೆ ಪಹಣಿ ತಿದ್ದಿ ಫಲವಿಲ್ಲ. ಚೆಕ್‌ಡಿಸ್ಕ್ ಮುಖ್ಯವಾಗಿ ತಿದ್ದುವುದು ದಾಖಲೆಯನ್ನು.

1993ರಲ್ಲಿ ವಿಂಡೋಸ್ ಎನ್‌ಟಿ ಜೊತೆ ಬಂದ ಎನ್‌ಟಿಎಫ್‌ಎಸ್ ಎಂಬ ಫೈಲ್ ಸಿಸ್ಟಂ, ದಾಖಲೆಯ ಪ್ರತಿ ಬದಲಾವಣೆಯನ್ನೂ ಮೊದಲು ಒಂದು ಲಾಗ್‌ನಲ್ಲಿ ಬರೆದುಕೊಳ್ಳುತ್ತದೆ. ಅದರಿಂದಲೇ ಕರೆಂಟು ಹೋದರೂ ಫೋಲ್ಡರುಗಳ ಜೋಡಣೆ ಸರಿಯಾಗಿ ಮರಳುತ್ತದೆ. ಅರ್ಧ ಬರೆದ ಪತ್ರ ಮರಳುತ್ತದೆಂಬ ಖಾತ್ರಿಯಿಲ್ಲ, ಯಾಕೆಂದರೆ ಫೈಲಿನ ಒಳಗಿನ ವಿಷಯ ಆ ಲಾಗ್‌ನಲ್ಲಿರುವುದಿಲ್ಲ. ವಾರಸುದಾರರಿಲ್ಲದ ತುಣುಕುಗಳನ್ನು ಚೆಕ್‌ಡಿಸ್ಕ್ ‘ಫೌಂಡ್.000’ ಎಂಬ ಅಡಗಿದ ಫೋಲ್ಡರಿಗೆ ಹಾಕುತ್ತದೆ. ಕಸವೆಂದು ಅಳಿಸುವ ಮೊದಲು ಒಮ್ಮೆ ನೋಡಬೇಕು. ಕೆಲವು ತುಣುಕುಗಳ ಹೆಸರಿನ ಕೊನೆಯನ್ನು ಜೆಪಿಜಿ ಎಂದು ಬದಲಿಸಿದರೆ ಇಡೀ ಫೋಟೋವೇ ತೆರೆದುಕೊಳ್ಳುವುದುಂಟು.

ಹಾಗಾದರೆ ಕೆಟ್ಟಿರುವುದು ದಾಖಲೆಯೋ ಡಿಸ್ಕೋ? ಡಿಸ್ಕ್ ತನ್ನ ಆರೋಗ್ಯದ ಲೆಕ್ಕವನ್ನು ತಾನೇ ಇಟ್ಟಿರುತ್ತದೆ, ಅದಕ್ಕೆ ಸ್ಮಾರ್ಟ್ ಎಂದು ಹೆಸರು. ಕ್ರಿಸ್ಟಲ್‌ಡಿಸ್ಕ್‌ಇನ್ಫೋ ಎಂಬ ಉಚಿತ ತಂತ್ರಾಂಶದಲ್ಲಿ ಅದು ಕಾಣುತ್ತದೆ. ನೋಡಬೇಕಾದ ಸಾಲುಗಳು 05, ಸಿ5, ಸಿ6. ಓದಲಾಗದೆ ಬಾಕಿ ಉಳಿದ ಸೆಕ್ಟರುಗಳು ಸಿ5ರಲ್ಲಿ, ಕೆಟ್ಟವೆಂದು ಬಿಟ್ಟು ಮೀಸಲು ಜಾಗಕ್ಕೆ ಸ್ಥಳಾಂತರಿಸಿದವು 05ರಲ್ಲಿ. ಬರೀ ಸಿ7 ಏರುತ್ತಿದ್ದರೆ ನಿಟ್ಟುಸಿರು ಬಿಡಬಹುದು: ಅನುಮಾನ ಡಿಸ್ಕಿನ ಮೇಲಲ್ಲ, ಸಾಟಾ ಕೇಬಲ್ಲಿನ ಮೇಲೆ. ಕೇಬಲ್ ಬದಲಿಸಿ ನೋಡದೆ ಡಿಸ್ಕ್ ಎಸೆಯುವುದು ನಿಜಕ್ಕೂ ಅನ್ಯಾಯ.

2007ರಲ್ಲಿ ಗೂಗಲ್‌ನ ಸಂಶೋಧಕರು ಒಂದು ಲಕ್ಷಕ್ಕೂ ಹೆಚ್ಚು ಡಿಸ್ಕುಗಳ ಅಧ್ಯಯನ ಪ್ರಕಟಿಸಿದರು. ಮೊದಲ ಸ್ಕ್ಯಾನ್ ದೋಷ ಕಂಡ ಡಿಸ್ಕು ಮುಂದಿನ 60 ದಿನಗಳಲ್ಲಿ ಕೆಡುವ ಸಂಭವ, ದೋಷವಿಲ್ಲದ ಡಿಸ್ಕಿಗಿಂತ 39 ಪಟ್ಟು ಹೆಚ್ಚು. ಅದೇ ಅಧ್ಯಯನದ ಇನ್ನೊಂದು ಮಾತನ್ನೂ ಮರೆಯಬಾರದು: ಕೆಟ್ಟ ಡಿಸ್ಕುಗಳಲ್ಲಿ ಅರ್ಧಕ್ಕಿಂತ ಹೆಚ್ಚಿನವು ಮುಖ್ಯವಾದ ನಾಲ್ಕು ಸ್ಮಾರ್ಟ್ ಸೂಚಕಗಳಲ್ಲಿ ಒಂದನ್ನೂ ತೋರಿಸಿರಲಿಲ್ಲ. ಸೊನ್ನೆ ಕಂಡರೂ ಬ್ಯಾಕಪ್ ಬೇಕೇ ಬೇಕು.

ಟಕ್ ಟಕ್ ಸದ್ದು ಬಂದರೆ ತಕ್ಷಣ ಆಫ್ ಮಾಡಬೇಕು. ಫ್ರೀಜರಿನಲ್ಲಿಡುವ ಹಳೆಯ ಉಪಾಯ ಬೇಡ, ಡಿಸ್ಕಿನೊಳಗಿನ ತಟ್ಟೆಗಳ ಮೇಲೆ ತೇವ ಕೂರುತ್ತದೆ.

ಸದ್ದಿಲ್ಲದೆ ಸಿ5 ಮಾತ್ರ ಏರುತ್ತಿದ್ದರೆ ಲಿನಕ್ಸ್ ಪೆನ್‌ಡ್ರೈವಿನಿಂದ ಕಂಪ್ಯೂಟರ್ ಶುರುಮಾಡಿ, ಡಿಸ್ಕನ್ನು ಇನ್ನೊಂದು ಡಿಸ್ಕಿಗೆ ನಕಲು ಮಾಡುವ ಡಿಡಿರೆಸ್ಕ್ಯೂ ಓಡಿಸುವುದು ಒಳ್ಳೆಯದು. ಇದರ ಜಾಣತನ ಮೆಚ್ಚುವಂಥದ್ದು. ಓದಲು ಬರುವ ಭಾಗವನ್ನು ಮೊದಲು ಎತ್ತಿಕೊಂಡು, ಹಟ ಮಾಡುವ ಸೆಕ್ಟರುಗಳನ್ನು ಕೊನೆಗೆ ಕೆದಕುತ್ತದೆ. ಎಲ್ಲಿಯವರೆಗೆ ಆಯಿತೆಂದು ಮ್ಯಾಪ್ ಫೈಲಿನಲ್ಲಿ ಬರೆದಿಡುವುದರಿಂದ ನಡುವೆ ನಿಲ್ಲಿಸಿ ಮುಂದುವರಿಸಬಹುದು. ಚೆಕ್‌ಡಿಸ್ಕ್ ಆಗಲಿ, ಕಳೆದದ್ದನ್ನು ಮರಳಿ ತರುವ ಟೆಸ್ಟ್‌ಡಿಸ್ಕ್, ಫೋಟೋರೆಕ್ ತಂತ್ರಾಂಶಗಳಾಗಲಿ, ಯಾವುದನ್ನೇ ಪ್ರಯೋಗಿಸಿದರೂ ಈ ನಕಲಿನ ಮೇಲೆ ಮಾತ್ರ.

ನಕಲು ಹೋಗುವ ಡಿಸ್ಕ್ ಕನಿಷ್ಠ ಮೂಲದಷ್ಟೇ ದೊಡ್ಡದಿರಬೇಕು. ಆದೇಶದಲ್ಲಿ ಮೂಲದ ಹೆಸರು ಮೊದಲು, ನಕಲಿನದು ಆಮೇಲೆ. ಇದು ಅದಲುಬದಲಾದರೆ ಖಾಲಿ ಡಿಸ್ಕೇ ತುಂಬಿದ ಡಿಸ್ಕಿನ ಮೇಲೆ ಬರೆದುಕೊಳ್ಳುತ್ತದೆ, ಹಾಗೆ ಹೋದದ್ದನ್ನು ಯಾವ ತಂತ್ರಾಂಶವೂ ತಂದುಕೊಡಲಾರದು. ಎಂಟರ್ ಒತ್ತುವ ಮೊದಲು ಎರಡರ ಮಾಡೆಲ್ ಸಂಖ್ಯೆಯನ್ನೂ ಗಾತ್ರವನ್ನೂ ಹೋಲಿಸಿ ನೋಡಲೇಬೇಕು.