ಗ್ರಂಥವುಂಟು, ವೃಂದವೆಲ್ಲಿ?

ಶಿಲ್ಪವನ್ನು ಕುರಿತು ಬರೆಯುವವನಿಗಿಲ್ಲದ ಕಷ್ಟವೊಂದು ಪ್ರಾಚೀನ ಸಂಗೀತವನ್ನು ಕುರಿತು ಬರೆಯುವವನಿಗುಂಟು. ಹೊಯ್ಸಳ ಇಮ್ಮಡಿ ನರಸಿಂಹನ ಕಾಲದಲ್ಲಿ ಪೋಲಾಳ್ವ ದಂಡನಾಥನು 1224ರಲ್ಲಿ ಕಟ್ಟಿಸಿದ ಹರಿಹರೇಶ್ವರ ದೇವಾಲಯವನ್ನು ದಾವಣಗೆರೆಯ ನಾವು ಬಸ್ಸು ಹತ್ತಿ ಹೋಗಿ ಕಣ್ಣಾರೆ ಕಂಡುಬರಬಹುದು. ಸುಮಾರು ಅದೇ ಕಾಲದಲ್ಲಿ ದೇವಗಿರಿಯ ಸೇವುಣ ದೊರೆ ಸಿಂಘಣನ ಆಶ್ರಯದಲ್ಲಿ ಶಾರ್ಙ್ಗದೇವನು ‘ಸಂಗೀತರತ್ನಾಕರ’ವನ್ನು ರಚಿಸಿದನು. ಸೇವುಣರ ಶಾಸನಗಳು ಹರಿಹರದಲ್ಲಿಯೂ ಇವೆ. ಕಂಬಗಳು ನಿಂತಿವೆ; ಅಂದಿನ ನಾದ ಮಾತ್ರ ಅಡಗಿಹೋಗಿದೆ.

ಆ ನಾದದ ಜಾಡನ್ನು ಹಿಡಿದು ಜೀವಮಾನವೆಲ್ಲ ದುಡಿದವರು ಮೈಸೂರಿನ ಡಾ. ರಾ. ಸತ್ಯನಾರಾಯಣ. ಶಾರ್ಙ್ಗದೇವನನ್ನು ಅವರು ವ್ಯಾಖ್ಯಾನಸಹಿತವಾಗಿ ಕನ್ನಡಕ್ಕೆ ತಂದರು. ಶಿವಗಂಗೆಯ ಸೀಮೆಯಿಂದ ಹೊರಟು ಉತ್ತರದ ಆಸ್ಥಾನಗಳಲ್ಲಿ ಬೆಳಗಿದ ಪುಂಡರೀಕವಿಠಲನ ‘ನರ್ತನನಿರ್ಣಯ’ವನ್ನು 1994ರಿಂದ 1998ರವರೆಗೆ ಮೂರು ಸಂಪುಟಗಳಲ್ಲಿ ಸಂಪಾದಿಸಿದರು. 2018ರಲ್ಲಿ ಪದ್ಮಶ್ರೀ ಬಂದಿತು. 2020ರಲ್ಲಿ ಅವರು ತೀರಿಕೊಂಡರು. ಹೆಸರು ಒಂದೇ ಆದ ಮಾತ್ರಕ್ಕೆ ಅಂದಿನ ರಾಗವೇ ಇಂದಿನ ರಾಗವಾಗದು ಎಂಬ ಎಚ್ಚರ ನನ್ನಂಥ ಸಾಮಾನ್ಯ ಶ್ರೋತೃವಿಗೆ ದೊರೆತದ್ದು ಇಂಥ ಬರಹಗಳಿಂದಲೇ.

ಆದರೂ ಒಂದು ಕೊರತೆಯನ್ನು ಹೇಳಲೇಬೇಕು. ಅದು ಅವರದಲ್ಲ, ನಮ್ಮದು. ಶಾರ್ಙ್ಗದೇವನು ವೃಂದದ ಲಕ್ಷಣವನ್ನು ಲೆಕ್ಕ ಹಾಕಿ ಹೇಳಿದ್ದಾನೆ. ನಾಲ್ವರು ಮುಖ್ಯ ಗಾಯಕರು, ಎಂಟು ಮಂದಿ ಸಹಗಾಯಕರು, ಹನ್ನೆರಡು ಗಾಯಕಿಯರು, ನಾಲ್ವರು ಕೊಳಲಿನವರು, ನಾಲ್ವರು ಮೃದಂಗದವರು: ಈ 32 ಮಂದಿ ಸೇರಿದರೆ ಉತ್ತಮ ವೃಂದ. ಈ ಲೆಕ್ಕವನ್ನು ಓದಿ ಬೆರಗಾಗುತ್ತೇವೆ, ಪುಟ ತಿರುವುತ್ತೇವೆ. ಪಂಡಿತ ಬರೆಯುತ್ತಾನೆ, ವಿದ್ವಾಂಸ ಹಾಡುತ್ತಾನೆ. ಇಬ್ಬರೂ ಒಂದೇ ಚಾಪೆಯ ಮೇಲೆ ಕೂರುವುದು ಅಪರೂಪ.

ವಿಯೆನ್ನಾದ ನಿಕೋಲಾಸ್ ಹಾರ್ನನ್‌ಕೋರ್ಟ್ ಹೀಗೆ ಕೈಕಟ್ಟಿ ಕೂರಲಿಲ್ಲ. ವಾದ್ಯವೃಂದವೊಂದರಲ್ಲಿ ಚೆಲ್ಲೊ ನುಡಿಸುತ್ತಿದ್ದ ಆತ 1953ರಲ್ಲಿ ಹಳೆಯ ವಾದ್ಯಗಳ ತನ್ನದೇ ಮೇಳವನ್ನು ಕಟ್ಟಿದನು; ಓದಿದ್ದನ್ನು ನುಡಿಸಿ ನೋಡಿದನು, ನುಡಿಸಿದ್ದನ್ನು ಮತ್ತೆ ಓದಿಗೆ ಒಡ್ಡಿದನು. ಅಲ್ಲಿ ಬರೆದಿಟ್ಟ ಸ್ವರಲಿಪಿ ಹೇರಳವಾಗಿತ್ತು, ನಮ್ಮಲ್ಲಿ ಸ್ವಲ್ಪವೇ ಇದೆ, ಉಳಿದದ್ದೆಲ್ಲ ಊಹೆ ಎನ್ನುವವರುಂಟು. ಮಾತು ನಿಜ. ಆದರೆ ಊಹೆಯನ್ನು ಊಹೆಯೆಂದೇ ಸಾರಿ ಹಾಡಿದರೆ ಶಾಸ್ತ್ರಕ್ಕೆ ಅಪಚಾರವೇನೂ ಇಲ್ಲ. ತಪ್ಪಿದ್ದರೆ ಅದು ಕಿವಿಗಾದರೂ ತಿಳಿಯುತ್ತದೆ. ಮೌನದಲ್ಲಿ ತಪ್ಪೂ ತಿಳಿಯದು, ಒಪ್ಪೂ ತಿಳಿಯದು.

ಉತ್ತಮ ವೃಂದದ ಅರ್ಧ ಮಧ್ಯಮ ವೃಂದ ಎಂದು ಶಾರ್ಙ್ಗದೇವನೇ ರಿಯಾಯಿತಿ ಕೊಟ್ಟಿದ್ದಾನೆ. ಹದಿನಾರು ಜನ ಸಾಕು. ದಾವಣಗೆರೆಯಷ್ಟು ದೊಡ್ಡ ಊರಿಗೆ ಅಷ್ಟು ಮಂದಿಯನ್ನು ಕೂಡಿಸುವುದು ಭಾರವಾಗಲಾರದು.